ಸತುವಿನ ಬಟ್ಟಲು

ಸೆಲ್ಲು ಕೊಟ್ಟವಳು ತ್ಸಿಯಾಲಾ,
ಚಿಯಾತುರಾದ ತೂಗುಡಬ್ಬಿಗಳಲ್ಲಿ ಮೂವತ್ತು ವರ್ಷ
ಬಾಗಿಲು ಹಾಕಿ ಗಂಟೆ ಬಾರಿಸಿದವಳು.
"ತಗೋ ಮೇಷ್ಟ್ರೇ, ಟಾರ್ಚಿನದು, ತೀರಿಹೋಗಿದೆ.
ಕೊಯ್ದು ನೋಡುವವರಿಗಾದರೂ ಆಗಲಿ."

ಕೊಯ್ದೆ.
ಮಾರ್ಚ್ ತಿಂಗಳು, ಎಂಟನೇ ತರಗತಿ, ಒಲೆಗೆ ಹತ್ತಿರದ ಮೇಜು.
ಹಳೆ ಪತ್ರಿಕೆ ಹಾಸಿ, ಗರಗಸದಿಂದ, ಉದ್ದಕ್ಕೆ.
ಮೇಲಿನ ತಗಡು ಸುಲಿದರೆ ಸತುವಿನ ಬಟ್ಟಲು,
ಅಲ್ಲಲ್ಲಿ ತೂತು, ಹುಳ ತಿಂದ ಎಲೆಯ ಹಾಗೆ.
ಅದರೊಳಗೆ ನವಸಾಗರದಲ್ಲಿ ನೆನೆದ ಕಾಗದ,
ಅದರೊಳಗೆ ಕರಿ ಹಿಟ್ಟು,
ಹಿಟ್ಟಿನ ನಡುವೆ ಇಂಗಾಲದ ಕಡ್ಡಿ.

ಮ್ಝಿಯಾ ಹಿಟ್ಟು ಮುಟ್ಟಿ ಬೆರಳು ಎತ್ತಿ ಹಿಡಿದಳು.
"ಇದು ನಮ್ಮಪ್ಪನ ಉಗುರಲ್ಲಿ ಇರೋದು."
ಹೌದು. ಮ್ಯಾಂಗನೀಸು. ಇದೇ ಬೆಟ್ಟದ್ದಿರಬಹುದು,
ಇಲ್ಲದೆಯೂ ಇರಬಹುದು;
ಹಿಟ್ಟಿನ ಮೇಲೆ ಊರಿನ ಹೆಸರು ಬರೆದಿರುವುದಿಲ್ಲ.

ಸತು ಕೊಡುತ್ತದೆ, ಎಂದೆ.
ಪರಮಾಣುವೊಂದಕ್ಕೆ ಎರಡೆರಡು ಎಲೆಕ್ಟ್ರಾನು,
ಕೊಟ್ಟು, ತಾನು ಕರಗಿ ಒದ್ದೆಗೆ ಇಳಿಯುತ್ತದೆ.
ಅವು ಒಳಗಿನಿಂದ ದಾಟಲಾರವು,
ಒದ್ದೆ ಕಾಗದ ಅವಕ್ಕೆ ದಾರಿ ಬಿಡುವುದಿಲ್ಲ.
ತಂತಿ ಹಿಡಿದು, ಬಲ್ಬಿನ ಸಪೂರ ಎಳೆಯಲ್ಲಿ ನುಸುಳಿ,
ಅಲ್ಲಿ ಮೈ ಉಜ್ಜಿಕೊಂಡು ಬೆಳಕು ಮಾಡಿ,
ಸುತ್ತಿ ಬಂದು ಕಡ್ಡಿಯಿಂದ ಇಳಿದರೆ
ಮ್ಯಾಂಗನೀಸು ಕೈಚಾಚಿ ಕಾದಿರುತ್ತದೆ.

ಕೊಡುವ ಕಡೆಗೆ ಋಣ ಎಂದು ಹೆಸರು.
ತಗೊಳ್ಳುವ ಕಡೆಗೆ ಧನ.
ಹೆಸರಿಟ್ಟವರು ಲೇವಾದೇವಿಯವರೇ ಇರಬೇಕು.
"ಹಾಗಾದರೆ ನಾವು?"
ಧನದ ಕಡೆ, ಎಂದೆ.
ಇಡೀ ತರಗತಿ ನಕ್ಕಿತು.
ಬೆಂಚು ಇಪ್ಪತ್ತು, ಮಕ್ಕಳು ಹನ್ನೊಂದು,
ಆದರೂ ದೊಡ್ಡ ನಗು.

"ಮತ್ತೆ ಕಡ್ಡಿ?"
ಕಡ್ಡಿ ಕೊಡುವುದೂ ಇಲ್ಲ, ತಗೊಳ್ಳುವುದೂ ಇಲ್ಲ,
ಅತ್ತಲಿಂದ ಇತ್ತ ದಾಟಿಸುತ್ತದೆ, ಸವೆಯುವುದಿಲ್ಲ.
"ಮೇಷ್ಟ್ರ ಹಾಗೆ," ಅಂದ ಹಿಂದಿನ ಬೆಂಚಿನ ಒತಿಯಾ.
ಸವೆಯುವ ಮಾತೊಂದನ್ನು ಬಿಟ್ಟು
ಮಿಕ್ಕದ್ದಕ್ಕೆ ಒಪ್ಪಿದೆ.

ಫೋನಿನೊಳಗಿನದು ಬೇರೆ. ಕಿಟಕಿಗೆ ಬನ್ನಿ.
ಆಚೆ ಬಂಡೆ, ಈಚೆ ಬಂಡೆ,
ನಡುವೆ ಕ್ವಿರಿಲಾ, ಅದಿರು ತೊಳೆದ ಕಪ್ಪು ನೀರು.
ಆಚೆಯದು ಗ್ರಾಫೈಟು ಅಂದುಕೊಳ್ಳಿ, ಹಾಳೆಯ ಮೇಲೆ ಹಾಳೆ;
ಈಚೆಯದರಲ್ಲಿ ಕೋಬಾಲ್ಟು, ನಿಕಲ್ಲು,
ಕೆಲವು ಬ್ಯಾಟರಿಗಳಲ್ಲಿ ನಮ್ಮ ಈ ಕರಿಯನೂ.
ಲಿಥಿಯಂ ಡಬ್ಬಿ ಹತ್ತಿ ನೇರ ದಾಟುತ್ತದೆ.
ಎಲೆಕ್ಟ್ರಾನಿಗೆ ಡಬ್ಬಿಯಲ್ಲಿ ಟಿಕೇಟಿಲ್ಲ,
ಸೇತುವೆ ಬಳಸಿ, ಪೇಟೆ ಹಾದು, ನಡೆದೇ ಬರಬೇಕು;
ಆ ನಡಿಗೆಯೇ ನಿಮ್ಮ ಆಟ,
ರಾತ್ರಿ ಎರಡರವರೆಗಿನ ನಿಮ್ಮ ಹರಟೆ.
ಚಾರ್ಜಿಗಿಟ್ಟರೆ ಎಲ್ಲರೂ ಬಂದ ದಾರಿಯಲ್ಲೇ ವಾಪಸು.
ಬಂದ ದಾರಿಗೆ ಸುಂಕವಿಲ್ಲ ಅನ್ನುತ್ತಾರೆ,
ಇಲ್ಲಿ ಇದೆ:
ಒಂದೊಂದು ಸಲವೂ ಒಂದಿಷ್ಟು ಲಿಥಿಯಂ
ಗ್ರಾಫೈಟಿನ ಮೈಯ ತೆಳುಪೊರೆಗೆ ಸಿಕ್ಕಿ
ಅಲ್ಲೇ ಉಳಿಯುತ್ತದೆ.

ಗಂಟೆಯಾಯಿತು. ಹೇಳದೆ ಬಿಟ್ಟದ್ದು:

ನನಗಾಗ ಆರು ವರ್ಷ,
ಊರಿಗೆ ಕರೆಂಟು ಬರುತ್ತಿದ್ದದ್ದು ಯಾವಾಗಲೋ ಒಮ್ಮೆ.
ಡಬ್ಬಿ ನಟ್ಟನಡುವೆ ನಿಂತಿತು.
ಒಂಬತ್ತು ಜನ, ಒಂದು ಕೋಳಿ, ಜನವರಿ.
ತ್ಸಿಯಾಲಾಳ ಟಾರ್ಚು ಕೆಂಪಗಾಗಿ ಆರಿತು.
ಕತ್ತಲಲ್ಲಿ ಕಿರುಚಿದ್ದು ನಾನೋ ಕೋಳಿಯೋ.
"ಸತ್ತಿಲ್ಲ, ಚಳಿ ಹಿಡಿದಿದೆ ಅಷ್ಟೆ," ಎಂದು
ಸೆಲ್ಲು ಎರಡನ್ನೂ ಬಿಚ್ಚಿ
ಕೋಟಿನೊಳಗೆ, ಅಂಗಿಯೊಳಗೆ, ಕಂಕುಳಿಗೆ ಸೇರಿಸಿ
ಕಾವಿಗೆ ಕೂತಳು.
ಕಾಲು ಗಂಟೆಯ ಮೇಲೆ ಹಾಕಿದರೆ
ಹತ್ತಿತು.
ಹಳದಿ, ಬಡಕಲು, ಐದು ನಿಮಿಷ.
ಆ ಐದು ನಿಮಿಷದಲ್ಲಿ ಒಬ್ಬೊಬ್ಬರ ಮುಖಕ್ಕೂ ಹಿಡಿದು ಎಣಿಸಿದಳು,
ಕೋಳಿಯೂ ಸೇರಿ ಹತ್ತು.

ಇದು ಆ ಸೆಲ್ಲಲ್ಲ, ಗೊತ್ತು.
ಆದರೂ ಬಟ್ಟಲನ್ನು ಬೆಳಕಿಗೆ ಹಿಡಿದು ನೋಡಿದೆ,
ಇಂಥ ಯಾವ ತೂತು ಐದು ನಿಮಿಷ ಎಂದು.

ಮ್ಝಿಯಾ ಕೈ ತೊಳೆಯದೆ ಹೋಗಿದ್ದಾಳೆ.
ಬಾಗಿಲ ಮೇಲೆ ಐದು ಕಪ್ಪು ಬೆರಳು.