ಚೆಕ್ಕುಬಂದಿ

ಇಪ್ಪತ್ತೆರಡು ವರ್ಷ ಅವಳ ಕಡತ ಹೊತ್ತವನು ನಾನು.
ಎಸಿನಾಮ್ ಟೊರ್ಕು, ವಕೀಲೆ, ಅಗ್ಬಾಕೊಪೆ,
ವೋಲ್ಟಾ ನದಿಯಾಚೆಯ ಕಡಲಂಚು.
ಫೀಸಿಗೆ ದುಡ್ಡಿಲ್ಲದವರು ಒಣಮೀನು ತರುತ್ತಿದ್ದರು;
ಕರಿಕೋಟಿಗೆ ಆ ವಾಸನೆ ಅಂಟಿದ್ದು ಬಿಡಲೇ ಇಲ್ಲ.

ಕೊಕುಯಿ ಅಜ್ಜಿ ಮೈದುನನ ಮೇಲೆ ಹೂಡಿದ ದಾವೆ
ಒಂಬತ್ತು ವರ್ಷ ನಡೆಯಿತು,
ಹನ್ನೆರಡು ತೆಂಗಿನಮರದ ಜಾಗಕ್ಕೆ.
ಪೂರ್ವಕ್ಕೆ ಚರ್ಚಿನ ಗೋಡೆ,
ಪಶ್ಚಿಮಕ್ಕೆ ಉಪ್ಪಿನ ದಾರಿ,
ಉತ್ತರಕ್ಕೆ ಈರುಳ್ಳಿ ಪಾತಿ,
ದಕ್ಷಿಣಕ್ಕೆ ಸಮುದ್ರ.

ಗೆದ್ದೆವು.
ತೀರ್ಪಿನ ನಕಲು ಹಿಡಿದು ಹೋಗಿ ನೋಡಿದರೆ
ನಾಲ್ಕೂ ದಿಕ್ಕಿಗೆ ದಕ್ಷಿಣ.

ಅಜ್ಜಿ ನಕ್ಕಳು, "ಅವನಿಗೂ ದಕ್ಕಲಿಲ್ಲವಲ್ಲ, ಸಾಕು."
ಎಸಿನಾಮ್ ನಗಲಿಲ್ಲ.
ಮರುವರ್ಷ ಚುನಾವಣೆಗೆ ನಿಂತಳು.

ಅಕ್ರಾದ ಸಂಸತ್ತಿನಲ್ಲಿ ಮೂರು ಅವಧಿ.
ತಡೆಗೋಡೆ ತಡೆಗೋಡೆ ಎಂದು ಕೇಳಿ ಕೇಳಿ
ಗೋಡೆಯಮ್ಮ ಎಂಬ ಅಡ್ಡಹೆಸರು ಬಂತು.
ಮಂತ್ರಿಯ ಉತ್ತರ ಪ್ರತಿಸಲವೂ ಒಂದೇ: ಪರಿಶೀಲನೆಯಲ್ಲಿದೆ.
"ಅಲೆ ವಾಯಿದೆ ಕೇಳುವುದಿಲ್ಲ, ಸಭಾಧ್ಯಕ್ಷರೇ" ಎಂದಳೊಮ್ಮೆ.
ಮೇಜು ಕುಟ್ಟಿದರು.
ಊಟಕ್ಕೆದ್ದರು.

ಕೊನೆಗೆ ಬಂತು ಕಲ್ಲು, ಅರ್ಧ ಮೈಲಿಯಷ್ಟು.
ಕೇಳಿದ್ದು ಐದು.
ಉಳಿದ ನಾಲ್ಕೂವರೆಯ ಜನ
ಅವಳನ್ನು ಸೋಲಿಸಿ ಮನೆಗೆ ಕಳಿಸಿದರು.

ಈಗ ಅದೇ ಕೋಣೆ, ಅದೇ ಫ್ಯಾನು.
ಕಲ್ಲಿನ ಮಗ್ಗುಲಿಗೆ ಮರಳು ಕೂತು ಕೂತು
ಹೊಸ ನೆಲ ಎದ್ದಿದೆಯಂತೆ.
ಅಜ್ಜಿಯ ಮೊಮ್ಮಗ ಈ ಬಾಗಿಲಲ್ಲಿ,
ಮೈದುನನ ಮೊಮ್ಮಗ ಎದುರು ವಕೀಲನ ಬಾಗಿಲಲ್ಲಿ.

ಕೋಟು ಕೊಡವಿ ಹಾಕಿಕೊಂಡಳು.
ಮೂರು ದಿಕ್ಕು ಹೇಳಿದಳು, ಬರೆದೆ.
"ದಕ್ಷಿಣಕ್ಕೆ..." ಎಂದು ಕಿಟಕಿಯತ್ತ ತಿರುಗಿದಳು.
ಟೈಪು ಯಂತ್ರದ ಮೇಲೆ ಬೆರಳೆತ್ತಿ
ಇನ್ನೂ ಕಾಯುತ್ತಿದ್ದೇನೆ.