ಎರಡನೆಯ ಪ್ರತಿ

ಮುಹರ್ರಕ್‌ನ ಹಳೆ ಓಣಿ. ಇಶಾ ನಮಾಜು ಮುಗಿದಿದೆ.
ಹಾಜಿ ಖಲಫರ ಮುತ್ತಿನಂಗಡಿಯ ಹಿಂಕೋಣೆಯಲ್ಲಿ
ಬಿಸ್ಕೆಟ್ ಡಬ್ಬಿಯ ಮೇಲೆ ಲ್ಯಾಪ್‌ಟಾಪ್ ಇಟ್ಟು ಕೂತಿದ್ದೇನೆ.
ಎಸಿ ಗೊರಕೆ ಹೊಡೆಯುತ್ತಿದೆ. ಹೊರಗೆ
ರಾತ್ರಿ ಒಂಬತ್ತಕ್ಕೂ ಮೂವತ್ತೆಂಟು ಡಿಗ್ರಿ,
ಬಾಗಿಲ ಚಿಲಕ ಮುಟ್ಟಿದರೆ ಕೈ ಹಿಂದೆ ಬರುತ್ತದೆ.

"ನೋಡ್ ಅಂದೆಯಲ್ಲ, ಅದರ ಯಂತ್ರ ಎಂದು ಬರುತ್ತೆ?"
ಯಂತ್ರ ಬರುವುದಿಲ್ಲ ಹಾಜಿ, ನಾವೇ ಒಂದು ಚೀಟಿ ಕಳಿಸುವುದು.
ಚೀಟಿಯಲ್ಲಿ ಇಷ್ಟೇ: ಯಾವ ಜಾಲ, ಯಾವ ಸದಸ್ಯ,
ಎಷ್ಟು ದೊಡ್ಡ ಗಣಕ, ಯಾವ ವಲಯ.
ಕೆಳಗೆ ನನ್ನ ಗುಟ್ಟಿನ ಕೀಲಿಯ ರುಜು.
ಎಲ್ಲೋ ಮರಳಿನಾಚೆ, ಬೀಗ ಜಡಿದ ತಂಪು ಗೋದಾಮಿನಲ್ಲಿ
ಯಾರೂ ಏಳದೆ ಒಂದು ಯಂತ್ರ ಎದ್ದು ನಿಲ್ಲುತ್ತದೆ.

ಮೊದಲ ಚೀಟಿ ವಾಪಸು. ನಾನ್ನೂರ ಮೂರು:
ನಿನಗೆ ಅನುಮತಿಯಿಲ್ಲ.
ಹಾಜಿ ನಕ್ಕರು, "ಈ ಮಾತು
ಇಂಗ್ಲಿಷರ ಕಾಲದಿಂದ ಕೇಳುತ್ತಿದ್ದೇನೆ."
ಎರಡನೆಯದರಲ್ಲಿ ಸೊನ್ನೆಯನ್ನು ಓ ಎಂದು ಓದಿದ್ದೆ.
ಮೂರನೆಯದಕ್ಕೆ ಉತ್ತರ ಬಂತು: ಬಾಲ ಮುಗಿಯದ ಒಂದು ಹೆಸರು,
ಪಕ್ಕದಲ್ಲಿ ಒಂದೇ ಪದ,
ಕ್ರಿಯೇಟಿಂಗ್.

ಆಗುತ್ತಿದೆ ಅಂದರೆ ಇನ್ನೂ ಆಗಿಲ್ಲ.

ಕಾಯುತ್ತ ಹಾಜಿ ಕಪಾಟಿನಿಂದ ಹಿತ್ತಾಳೆ ಜರಡಿ ತೆಗೆದರು,
ಒಂದರೊಳಗೊಂದು ಕೂರುವ ಐದು, ಮುತ್ತಿನ ಗಾತ್ರಕ್ಕೆ.
ಅವರ ಅಜ್ಜ ಮುಳುಗುಗಾರ.
ಮೂಗಿಗೆ ಆಮೆಚಿಪ್ಪಿನ ಚಿಮುಟ, ಕಾಲಿಗೆ ಕಲ್ಲು,
ಸೊಂಟಕ್ಕೆ ಹಗ್ಗ. ಓದು ಬಾರದು.
ಸಾಲವೆಷ್ಟೆಂದು ನಾಖುದನ ಪುಸ್ತಕ ಹೇಳಬೇಕು,
ಪುಸ್ತಕ ನಾಖುದನ ದಿಂಬಿನಡಿ.
ತಂದ ಅಕ್ಕಿ ಒಂದು ಚೀಲ, ಬರೆದದ್ದು ಎರಡು.
ಅಜ್ಜ ಸತ್ತ. ಸಾಲ ಸಾಯಲಿಲ್ಲ.
ಹದಿಮೂರರ ಹುಡುಗ ಅದೇ ಹಗ್ಗ ಕಟ್ಟಿಕೊಂಡು ಇಳಿದ.
"ನನ್ನಪ್ಪ," ಅಂದರು,
ಜರಡಿಯ ತೂತಿನಲ್ಲಿ ದೀಪ ನೋಡುತ್ತ.

ನಾನು ಏನು ಹೇಳಲಿ?
ಮುಲ್ಕಿಯ ಬೀಡಿ ಬ್ರ್ಯಾಂಚಿನ ಕಿಟಕಿಗೆ
ನನ್ನಮ್ಮ ವಾರಿಜ ಸಾವಿರ ಬೀಡಿ ಒಪ್ಪಿಸಿದರೆ
ಪದ್ಮನಾಭಣ್ಣ ಇನ್ನೂರನ್ನು ಚಾಟು ಎಂದು ಬದಿಗೆ ತಳ್ಳಿ
ಪಾಸುಪುಸ್ತಕದಲ್ಲಿ ಎಂಟುನೂರು ಬರೆಯುತ್ತಿದ್ದ.
ಬದಿಗೆ ತಳ್ಳಿದ್ದೂ ಸಂಜೆ ಅದೇ ಲಾರಿ ಹತ್ತುತ್ತಿತ್ತು.
ಅಮ್ಮ ಕ್ಯಾಲೆಂಡರಿನ ಹಿಂಬದಿಗೆ
ಇದ್ದಿಲಿನಲ್ಲಿ ದಿನಕ್ಕೊಂದು ಗೆರೆ ಎಳೆದಳು, ಹನ್ನೊಂದು ವರ್ಷ.
ಅದು ಎರಡನೆಯ ಪ್ರತಿ.
ಲೇಬರ್ ಆಫೀಸಿನವರು ತಿರುಗಿಸಿ, ಮುಂಬದಿಯ ದೇವರನ್ನು ನೋಡಿ
ಮಡಚಿ ಕೊಟ್ಟರು.

ಅದಕ್ಕೇ ಹಾಜಿ ಈ ಜಾಲ.
ಮನಾಮದ ಏಳು ಅಂಗಡಿ, ಪರೀಕ್ಷೆಯ ಲ್ಯಾಬು, ಕಸ್ಟಮ್ಸು,
ಎಲ್ಲರಲ್ಲೂ ಅದೇ ಪುಸ್ತಕ, ಅದೇ ಪುಟ.
ಒಬ್ಬ ತಿದ್ದಿದರೆ ಉಳಿದವರ ಪ್ರತಿ ಹೂಂಗುಟ್ಟುವುದಿಲ್ಲ.
ಈಗ ನಿಮ್ಮದೂ ಒಂದು.

ಬಹಳ ಹೊತ್ತು ಮಾತಿಲ್ಲ. ಆಮೇಲೆ:
"ಮೊದಲ ಸಲವೇ ಒಂದಕ್ಕೆ ಎರಡು ಬರೆದರೆ?"

ಎಸಿ ನಿಂತು, ಮತ್ತೆ ಶುರುವಾಯಿತು.
ಆಗ ಎಲ್ಲರಲ್ಲೂ ಎರಡೇ ಇರುತ್ತದೆ, ಅಂದೆ.
ಯಾರೂ ಅಳಿಸಲಾರರು.

"ಹಾಗಿದ್ದರೆ ಬರೆಯುವವರ ಬದಿಯಲ್ಲಿ ಒಬ್ಬರು ಕೂತಿರಬೇಕು,"
ಸ್ಟೂಲು ಎಳೆದು ಕೂತೇಬಿಟ್ಟರು.
ಊದಿನ ವಾಸನೆ, ಕರ್ಪೂರದ ಮಾತ್ರೆಯ ವಾಸನೆ.

ಹತ್ತೂ ಇಪ್ಪತ್ತಕ್ಕೆ ಪದ ಬದಲಾಯಿತು: ಅವೈಲೆಬಲ್.
ಹಳೆಯ ಪುಟಗಳು ಮೊದಲನೆಯದರಿಂದ ಒಂದೊಂದಾಗಿ ಇಳಿಯತೊಡಗಿದವು,
ಹಿಂದಿನದರ ಬೆರಳು ಹಿಡಿದೇ ಮುಂದಿನದು.
ಇನ್ನು ಗಂಟೆಗಿಷ್ಟು ಫಿಲ್ಸ್ ಬಾಡಿಗೆ ಶುರು, ಅಂದೆ.
"ಯಾರಿಗೆ?"
ಗೋದಾಮಿನ ಕಂಪನಿಗೆ.
"ಅವರ ಲೆಕ್ಕದ ಪುಸ್ತಕದ ಪ್ರತಿ ನಮಗುಂಟಾ?"

ಉತ್ತರ ನನ್ನ ಬಳಿ ಇರಲಿಲ್ಲ. ಚಹಾ ಆರಿತ್ತು.

ತಕ್ಕಡಿಗೆ ಒಂದು ಮುತ್ತು ಇಟ್ಟರು, ಸ್ವಲ್ಪ ಸೊಟ್ಟ,
ಬೆಳಗಿನ ಗಂಜಿತಿಳಿಯ ಬಣ್ಣ.
ಎರಡು ಸಲ ತೂಗಿಸಿದರು. ಸಂಖ್ಯೆ ಟೈಪಿಸಿದೆ.
"ತಡಿ ಬಿಂತಿ," ಎಂದು ಕನ್ನಡಕ ಏರಿಸಿ
ತುಟಿಯಲ್ಲೇ ಒಂದೊಂದು ಅಂಕಿ ಓದಿಕೊಂಡು
ಪೆನ್ಸಿಲು ತೆಗೆದು ಕಪಾಟಿನ ಒಳಬಾಗಿಲಿಗೆ
ಒಂದು ಗೆರೆ ಎಳೆದರು.

"ಹೂಂ, ಈಗ ಒತ್ತು."