ಬಾಜೂಕಿಂದು

ನವನಗರದ ಸ್ಕ್ಯಾನಿಂಗ್ ಸೆಂಟರಿನಾಗ
ರಿಪೋರ್ಟ್ ಟೈಪ್ ಮಾಡಾಕಿ ನಾನು.
ಅಡ್ರಿನಲ್ ಅಂದ್ರ ಏನ್ರಿ, ಕೇಳಿದೆ.
ಡಾಕ್ಟರು ಸ್ಕ್ರೀನಿನಿಂದ ಕಣ್ಣು ತೆಗೀಲಿಲ್ಲ:
"ಕಿಡ್ನಿ ಬಾಜೂಕಿಂದು. ಅಷ್ಟ ಅರ್ಥ.
ಸುಪ್ರಾರೀನಲ್ ಅಂದ್ರೂ ಅದ, ಕಿಡ್ನಿ ಮ್ಯಾಲಿಂದು."

ಮೈಯಾಗ ಉಪ್ಪು ಹಿಡಿಯೂದು,
ನಡುರಾತ್ರಿ ಬಾಗಿಲು ಬಡಿದರ
ದಡಕ್ಕನ ಎದ್ದು ನಿಲ್ಲೂ ತ್ರಾಣ,
ಇಷ್ಟೆಲ್ಲಾ ಅದರ ಕೈಯಾಗ.
ಹೆಸರು ಮಾತ್ರ ಮಂದೀದು.

ಮುಂದಿನ ಪೇಶಂಟು ನೀಲಗಂಗವ್ವ ಬಣಗಾರ.
ಹರಳಾಗಿ ಎಡಗಡೆ ಕಿಡ್ನಿ ತಗಸಿ ಒಂಬತ್ತು ವರ್ಷ.
ಅಡ್ರೆಸ್?
"ಹಳೇ ಊರು, ಹುಂಡೇಕಾರರ ಗಿರಣಿ ಬಾಜೂಕ."
ಗಿರಣಿ ಮುಳುಗಿ ಎಷ್ಟು ವರ್ಷಾತವ್ವಾ,
ಹಿನ್ನೀರಿನಾಗ ಈಗ ಮೀನ ಅದಾವ ಅಲ್ಲಿ.
"ಗೊತ್ತೈತಿ, ಬರಕೋ.
ಕಟ್ಟೀ ಸೆಕ್ಟರ್ ನಂಬರ್ ನೆನಪ ಉಳಿಯೂದುಲ್ಲ.
ಗಿರಣಿ ಬಾಜೂಕಿನಾಕಿ ಅಂದ್ರ
ಯಾರರ ತಂದು ಮುಟ್ಟಸ್ತಾರ."

ಆಮೇಲೆ ಡಾಕ್ಟರು ಒಳಗಿಂದ ಹೇಳಿದರು,
ನಾನು ಬಡಿದೆ:
ಎಡ ಮೂತ್ರಪಿಂಡ ಇಲ್ಲ.
ಎಡ ಅಡ್ರಿನಲ್ ಇದೆ, ಸಹಜ ಗಾತ್ರ.

ಯಾರ ಬಾಜೂಕ ಅಂತ ಕೇಳಲಿಲ್ಲ.
ಕಾಗದ ಬೆಚ್ಚಗ ಬಂತು ಪ್ರಿಂಟರಿನಿಂದ,
ಆಕಿ ಸೆರಗಿನಾಗ ಮಡಚಿಟಗೊಂಡಳು.